ಲ್ಯಾಂಟರ್ನ್ ಹಿಡಿದು ಹೆಡಾ ಹಾಪರ್ ಅವರನ್ನು ಹುಡುಕಿದ್ದು: ಬೆಳಗಾವಿಯ ತರಗತಿಯೊಂದರ ಎರಡು ವರ್ಷಗಳ ಬಳಕೆ

ಪತ್ರಿಕೋದ್ಯಮದ ವಿದ್ಯಾರ್ಥಿಗಳಿಗೆ ಸಿನಿಮಾ ಅಂಕಣದ ಪಾಠ ಹೇಳುವವರು ಹೆಡಾ ಹಾಪರ್ ಅವರ ಹೆಸರನ್ನು ದಾಟಿ ಮುಂದೆ ಹೋಗಲು ಬರುವುದಿಲ್ಲ. 1938ರಿಂದ ಸಾಯುವವರೆಗೆ, ಅಂದರೆ 1966ರವರೆಗೆ, ಹಾಲಿವುಡ್ಡಿನ ನಟನಟಿಯರ ನಿದ್ದೆ ಕೆಡಿಸಿದ ಅಂಕಣಕಾರ್ತಿ ಎಂದು ನಮ್ಮ ಕೈಗೆ ಸಿಗುವ ಪಠ್ಯಗಳು ಅವರನ್ನು ಎರಡು ಪ್ಯಾರಾಗಳಲ್ಲಿ ಮುಗಿಸಿಬಿಡುತ್ತವೆ. ಅದಕ್ಕೂ ಮೊದಲು ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಅವರು ನಟಿಯಾಗಿದ್ದರು, ಒಟ್ಟು 120ಕ್ಕೂ ಹೆಚ್ಚು ಚಿತ್ರಗಳಲ್ಲಿ ಕಾಣಿಸಿಕೊಂಡರು ಎಂಬ ಸಂಗತಿ ಅರ್ಧ ಸಾಲಿನಲ್ಲಿ ಬಂದು ಹೋಗುತ್ತದೆ. ಬೆಳಗಾವಿಯ ಕಾಲೇಜೊಂದರಲ್ಲಿ ಈ ಪಾಠಕ್ಕಾಗಿ ನಾನು ಎರಡು ವರ್ಷಗಳಿಂದ ಬಳಸುತ್ತಿರುವ ಲ್ಯಾಂಟರ್ನ್ ಎಂಬ ಉಚಿತ ಹುಡುಕಾಟ ಸೇವೆಯ ಬಗ್ಗೆ ವಿವರವಾಗಿ ಬರೆಯಬೇಕು ಅನ್ನಿಸಿದ್ದು ಆ ಅರ್ಧ ಸಾಲಿನ ಕಾರಣಕ್ಕಾಗಿಯೇ. ಹಾಪರ್ ಅಂಕಣಕಾರ್ತಿಯಾಗಿ ಏನಾದರು ಎಂಬುದು ನಟಿಯಾಗಿ ಅವರು ಏನಾಗಲಿಲ್ಲ ಎಂಬುದರಿಂದ ತಿಳಿಯುತ್ತದೆ ಎಂದು ನಾನು ನಂಬಿದ್ದೇನೆ. ಅದನ್ನು ವಿದ್ಯಾರ್ಥಿಗಳ ಕಣ್ಣಮುಂದೆ ಇಡಲು ಇದಕ್ಕಿಂತ ಒಳ್ಳೆಯ ಸಾಧನ ನನಗೆ ಸಿಕ್ಕಿಲ್ಲ.

ಲ್ಯಾಂಟರ್ನ್ ಎಂಬುದು ಮೀಡಿಯಾ ಹಿಸ್ಟರಿ ಡಿಜಿಟಲ್ ಲೈಬ್ರರಿ ಎಂಬ ಸಂಗ್ರಹದ ಹುಡುಕು ಪುಟ. ಡೇವಿಡ್ ಪಿಯರ್ಸ್ ಎಂಬ ಚಲನಚಿತ್ರ ಸಂಗ್ರಹಾಲಯ ತಜ್ಞರು ಆರಂಭಿಸಿದ ಈ ಸಂಗ್ರಹ ಈಗ ಅಮೆರಿಕದ ವಿಸ್ಕಾನ್ಸಿನ್-ಮ್ಯಾಡಿಸನ್ ವಿಶ್ವವಿದ್ಯಾಲಯದ ಆಶ್ರಯದಲ್ಲಿದೆ. ಅಲ್ಲಿ ಅಧ್ಯಾಪಕರಾಗಿರುವ ಎರಿಕ್ ಹೋಯ್ಟ್ ಅದರ ಹೊಣೆ ಹೊತ್ತಿದ್ದಾರೆ. ಲ್ಯಾಂಟರ್ನ್ ಸಾರ್ವಜನಿಕರಿಗೆ ತೆರೆದದ್ದು 2013ರಲ್ಲಿ. ಫೋಟೊಪ್ಲೇ, ಫಿಲ್ಮ್ ಡೈಲಿ, ವೆರೈಟಿ, ಮೋಷನ್ ಪಿಕ್ಚರ್ ಹೆರಾಲ್ಡ್, ಮಾಡರ್ನ್ ಸ್ಕ್ರೀನ್ ಮೊದಲಾದ ಹಳೆಯ ಪತ್ರಿಕೆಗಳ 20 ಲಕ್ಷಕ್ಕೂ ಹೆಚ್ಚು ಪುಟಗಳು ಅಲ್ಲಿವೆ. ಹೆಸರು ನೋಂದಾಯಿಸಬೇಕಿಲ್ಲ, ಹಣ ಕೊಡಬೇಕಿಲ್ಲ, ನಡುವೆ ಜಾಹೀರಾತು ಬಂದು ಅಡ್ಡ ನಿಲ್ಲುವುದಿಲ್ಲ. ಪದವೊಂದನ್ನು ಟೈಪ್ ಮಾಡಿದರೆ ಅದು ಇರುವ ಪುಟಗಳ ಚಿಕ್ಕ ಚಿತ್ರಗಳು ಸಾಲಾಗಿ ಬರುತ್ತವೆ. ವರ್ಷ ಮತ್ತು ಪತ್ರಿಕೆಯ ಹೆಸರು ಹಾಕಿ ಸೋಸಬಹುದು. ಬೇಕಾದ ಫಲಿತಾಂಶವನ್ನು ಒತ್ತಿದರೆ ಇಂಟರ್ನೆಟ್ ಆರ್ಕೈವಿನಲ್ಲಿರುವ ಇಡೀ ಸಂಪುಟ ಅದೇ ಪುಟಕ್ಕೆ ತೆರೆದುಕೊಳ್ಳುತ್ತದೆ.

ಈ ಕೊನೆಯ ಸೌಲಭ್ಯವೇ ನನ್ನ ದೃಷ್ಟಿಯಲ್ಲಿ ಎಲ್ಲಕ್ಕಿಂತ ಮುಖ್ಯವಾದುದು. ಸುದ್ದಿಯ ತುಣುಕನ್ನಷ್ಟೇ ಕತ್ತರಿಸಿ ಕೊಡುವ ಸಂಗ್ರಹಗಳು ಬೇಕಾದಷ್ಟಿವೆ. ಇಲ್ಲಿ ಹಾಪರ್ ಅವರ ಹೆಸರು ಯಾವ ಪುಟದ ಯಾವ ಮೂಲೆಯಲ್ಲಿ, ಎಷ್ಟು ಸಣ್ಣ ಅಕ್ಷರದಲ್ಲಿ, ಯಾವ ಸೋಪಿನ ಜಾಹೀರಾತಿನ ಪಕ್ಕದಲ್ಲಿ ಅಚ್ಚಾಗಿದೆ ಎಂಬುದು ಕಾಣುತ್ತದೆ. ಫೋಟೊಪ್ಲೇ ಪತ್ರಿಕೆ ಆ ತಿಂಗಳು ವಿಮರ್ಶೆ ಮಾಡಿದ ಚಿತ್ರಗಳ ಪೂರ್ತಿ ತಾರಾಗಣವನ್ನು ಸಂಚಿಕೆಯ ಹಿಂಭಾಗದಲ್ಲಿ ಸಣ್ಣ ಅಕ್ಷರಗಳಲ್ಲಿ ಕೊಡುತ್ತಿತ್ತು, ಎಡಕ್ಕೆ ಪಾತ್ರದ ಹೆಸರು, ಬಲಕ್ಕೆ ನಟರ ಹೆಸರು, ನಡುವೆ ಚುಕ್ಕಿಗಳ ಸಾಲು. ತರಗತಿಯ ಪರದೆಯ ಮೇಲೆ ಆ ಪುಟವನ್ನು ದೊಡ್ಡದು ಮಾಡಿ, ಬೆರಳಿಟ್ಟು ಕೆಳಗೆ ಇಳಿಯುತ್ತ ಹೋದರೆ ನಾಯಕ, ನಾಯಕಿ, ಖಳ, ನಾಯಕನ ಗೆಳೆಯ ಇವರೆಲ್ಲ ಮುಗಿದ ಮೇಲೆ ಹಾಪರ್ ಸಿಗುತ್ತಾರೆ. ಪಾತ್ರದ ಹೆಸರು ಬಹಳ ಸಲ ಶ್ರೀಮತಿ ಇಂಥವರು ಎಂದಿರುತ್ತದೆ. ಸಿರಿವಂತರ ಮನೆಯ ಹೆಂಗಸು, ಯಾರದೋ ತಾಯಿ, ಯಾರದೋ ಅತ್ತೆ, ಔತಣಕೂಟದ ಅತಿಥಿ. ಮೊದಲ ಆಸ್ಕರ್ ಸಮಾರಂಭದಲ್ಲಿ ಅತ್ಯುತ್ತಮ ಚಿತ್ರದ ಗೌರವ ಪಡೆದ 1927ರ ‘ವಿಂಗ್ಸ್’ ಚಿತ್ರದಲ್ಲಿಯೂ ಅವರದು ನಾಯಕನ ತಾಯಿಯ ಸಣ್ಣ ಪಾತ್ರ.

ಆ ಸಿರಿವಂತ ಹೆಂಗಸಿನ ಹಿಂದಿದ್ದವರು ಕಟುಕನ ಮಗಳು. 1885ರಲ್ಲಿ ಪೆನ್ಸಿಲ್ವೇನಿಯಾದ ಹಾಲಿಡೇಸ್‌ಬರ್ಗ್ ಎಂಬ ಊರಿನಲ್ಲಿ ಎಲ್ಡಾ ಫರಿ ಎಂಬ ಹೆಸರಿನಲ್ಲಿ ಹುಟ್ಟಿ, ಮನೆ ಬಿಟ್ಟು ನ್ಯೂಯಾರ್ಕಿಗೆ ಓಡಿಹೋಗಿ, ಸಂಗೀತ ನಾಟಕಗಳ ಹಿಮ್ಮೇಳದಲ್ಲಿ ಕುಣಿಯುತ್ತಿದ್ದ ಹುಡುಗಿ 1913ರಲ್ಲಿ ತನಗಿಂತ ಬಹಳ ಹಿರಿಯನಾದ ರಂಗನಟ ಡಿವೋಲ್ಫ್ ಹಾಪರ್ ಅವರನ್ನು ಮದುವೆಯಾದರು. ಅವರು ಆತನ ಐದನೆಯ ಹೆಂಡತಿ. ಮೊದಲಿನ ಹೆಂಡತಿಯರ ಹೆಸರುಗಳು ಎಲಾ, ಐಡಾ, ಎಡ್ನಾ, ನೆಲಾ ಎಂದಿದ್ದುದರಿಂದ ಗಂಡನಿಗೆ ಎಲ್ಡಾ ಎಂಬ ಹೆಸರು ನಾಲಿಗೆಯಲ್ಲಿ ತೊಡರುತ್ತಿತ್ತು. ಸಂಖ್ಯಾಶಾಸ್ತ್ರ ಹೇಳುವವರೊಬ್ಬರಿಗೆ 10 ಡಾಲರ್ ಕೊಟ್ಟು ಪಡೆದ ಹೆಸರೇ ಹೆಡಾ. ಈ ಕಥೆಯನ್ನು ತರಗತಿಯಲ್ಲಿ ಹೇಳಿದಾಗ ನಗು ಬರುತ್ತದೆ, ಆದರೆ ಲ್ಯಾಂಟರ್ನ್ ಬಳಸುವವರಿಗೆ ಇದು ಕೆಲಸಕ್ಕೆ ಬರುವ ಮಾಹಿತಿ. 1916ರಲ್ಲಿ ಚಿತ್ರರಂಗಕ್ಕೆ ಕಾಲಿಟ್ಟ ನಂತರದ ಮೊದಲ ವರ್ಷಗಳಲ್ಲಿ ಅವರ ಹೆಸರು ಶ್ರೀಮತಿ ಡಿವೋಲ್ಫ್ ಹಾಪರ್ ಎಂದೂ ಅಚ್ಚಾಗಿರುವುದರಿಂದ, ಹೆಡಾ ಎಂದಷ್ಟೇ ಹುಡುಕಿದವರಿಗೆ ಆ ಕಾಲದ ಪುಟಗಳು ಪೂರ್ತಿ ಸಿಗುವುದಿಲ್ಲ. ಎರಡೂ ಹೆಸರು ಹಾಕಿ, ವರ್ಷವನ್ನು 1916ರಿಂದ 1922ರೊಳಗೆ ಕಟ್ಟಿಹಾಕಿ ಹುಡುಕಬೇಕು. ವಿಚ್ಛೇದನವಾದದ್ದು 1922ರಲ್ಲಿ. ಗಂಡ ಹೋದರೂ ಆತನ ಮನೆತನದ ಹೆಸರು ಕೊನೆಯತನಕ ಉಳಿಯಿತು.

ಹುಟ್ಟಿದ ವರ್ಷವನ್ನು ಅವರು 1890 ಎಂದು ಹೇಳಿಕೊಳ್ಳುತ್ತಿದ್ದರು. ಹಳೆಯ ಪತ್ರಿಕೆ ಎಂದ ಮಾತ್ರಕ್ಕೆ ಅದರಲ್ಲಿರುವುದೆಲ್ಲ ನಿಜವಲ್ಲ ಎಂಬುದನ್ನು ನಾನು ಇದರಿಂದಲೇ ಕಲಿಸುತ್ತೇನೆ.

ಎಂ.ಜಿ.ಎಂ. ಕಂಪನಿಯೊಂದಿಗಿನ ಒಪ್ಪಂದ ಮುಗಿದು, ವಯಸ್ಸು ಐವತ್ತರ ಹತ್ತಿರ ಬಂದು, ಪಾತ್ರಗಳು ಕಡಿಮೆಯಾಗುತ್ತ ಬಂದದ್ದು 1930ರ ದಶಕದ ನಡುವಿನಲ್ಲಿ. ವರ್ಷವರ್ಷಕ್ಕೆ ಸೋಸಿ ನೋಡುತ್ತ ಬಂದರೆ ಆ ಇಳಿಜಾರು ಯಾರೂ ಬಾಯಿಬಿಟ್ಟು ಹೇಳದೆಯೇ ಅರ್ಥವಾಗುತ್ತದೆ. ಕಳೆದ ವರ್ಷ ಈ ಪುಟಗಳನ್ನು ತೋರಿಸುತ್ತಿದ್ದಾಗ, ಗೋಕಾಕ ಕಡೆಯಿಂದ ಬರುವ ವಿದ್ಯಾರ್ಥಿನಿಯೊಬ್ಬಳು ಎದ್ದು ನಿಂತು ಹೇಳಿದ ಮಾತನ್ನು ನಾನು ಹಾಗೆಯೇ ಬರೆದಿಟ್ಟುಕೊಂಡಿದ್ದೇನೆ. “ಮೇಡಂ, ಈಕಿಗೆ ಒಂದ ದೊಡ್ಡ ಪಾತ್ರಾನೂ ಕೊಟ್ಟಿಲ್ಲಲ್ರೀ. ಇಪ್ಪತ್ತ ವರ್ಷ ಎಲ್ಲಾರ ಹಿಂದ ನಿಂತಾಕಿ, ಎಲ್ಲಾರ ಮಾತೂ ಕೇಳಿಸ್ಕೊಂಡಿರ್ಬೇಕ್ರೀ.” ಇಡೀ ಅವಧಿಯಲ್ಲಿ ನಾನು ಹೇಳಬೇಕೆಂದಿದ್ದುದನ್ನು ಆಕೆ ಎರಡು ವಾಕ್ಯಗಳಲ್ಲಿ ಹೇಳಿದ್ದಳು. ಚಿತ್ರೀಕರಣದ ಬಿಡುವಿನಲ್ಲಿ ಬಣ್ಣದ ಕೋಣೆಯಲ್ಲಿ ಕುಳಿತವರು, ನಾಯಕಿಯ ಅಳು, ನಿರ್ದೇಶಕನ ಸಿಟ್ಟು, ಯಾರು ಯಾರ ಕಾರಿನಲ್ಲಿ ಮನೆಗೆ ಹೋದರು ಎಂಬುದು, ಇವೆಲ್ಲವೂ ಸಣ್ಣ ಪಾತ್ರದವರಿಗೆ ತಿಳಿಯುವಷ್ಟು ಹೊರಗಿನ ವರದಿಗಾರರಿಗೆ ತಿಳಿಯುವುದಿಲ್ಲ. ಅಂಕಣಕಾರ್ತಿಯಾಗಿ ಹಾಪರ್ ಅವರ ಬಂಡವಾಳ ಅದೇ ಆಗಿತ್ತು.

ಆ ಬಂಡವಾಳ ಕೈಹಿಡಿಯಲು ಕೆಲ ಕಾಲ ಬೇಕಾಯಿತು. 1935ರಲ್ಲಿ ವಾಷಿಂಗ್ಟನ್ನಿನ ಪತ್ರಿಕೆಯೊಂದಕ್ಕೆ ವಾರಕ್ಕೆ 50 ಡಾಲರ್ ಸಂಬಳದ ಮೇಲೆ ಹಾಲಿವುಡ್ ಸುದ್ದಿ ಬರೆಯಲು ಒಪ್ಪಿಕೊಂಡರು. ನಾಲ್ಕು ತಿಂಗಳಲ್ಲಿ ಸಂಬಳವನ್ನು 35 ಡಾಲರಿಗೆ ಇಳಿಸುತ್ತೇವೆ ಎಂದಾಗ ಬಿಟ್ಟುಬಂದರು. 1938ರ ಫೆಬ್ರವರಿ 14ರಂದು ಲಾಸ್ ಏಂಜಲೀಸ್ ಟೈಮ್ಸ್ ಪತ್ರಿಕೆಯಲ್ಲಿ ಅವರ ಹೆಸರಿನ ಅಂಕಣ ಆರಂಭವಾದಾಗ ವಯಸ್ಸು 52. ಮರುವರ್ಷ ‘ದಿ ವಿಮೆನ್’ ಚಿತ್ರದಲ್ಲಿ ಅವರಿಗೆ ಸಿಕ್ಕ ಪಾತ್ರ ಸಿರಿವಂತರ ಸಮಾಜದ ಸುದ್ದಿ ಬರೆಯುವ ಅಂಕಣಕಾರ್ತಿಯದು. ಇನ್ನೂ ಹನ್ನೊಂದು ವರ್ಷ ಕಳೆದ ಮೇಲೆ, 1950ರ ‘ಸನ್‌ಸೆಟ್ ಬುಲೆವಾರ್ಡ್’ ಚಿತ್ರದ ಕೊನೆಯ ಭಾಗದಲ್ಲಿ, ಅವರು ಹೆಡಾ ಹಾಪರ್ ಆಗಿಯೇ ಬಂದು ಕೊಲೆ ನಡೆದ ಮನೆಯ ಮಲಗುವ ಕೋಣೆಯಿಂದ ತಮ್ಮ ಪತ್ರಿಕೆಗೆ ಫೋನಿನಲ್ಲಿ ಸುದ್ದಿ ಹೇಳುತ್ತಾರೆ. 1927ರ ತಾರಾಗಣದ ಪಟ್ಟಿ, 1939ರದು ಮತ್ತು 1950ರದು, ಈ ಮೂರನ್ನೂ ಒಂದರ ಪಕ್ಕ ಒಂದು ಇಟ್ಟು ತೋರಿಸುವುದು ನನ್ನ ಪಾಠದ ಮುಖ್ಯ ಭಾಗವಾಗಿಬಿಟ್ಟಿದೆ. ಮೊದಲು ನಾಯಕನ ತಾಯಿ, ಆಮೇಲೆ ಅಂಕಣಕಾರ್ತಿಯ ವೇಷ, ಕೊನೆಗೆ ವೇಷವೇ ಬೇಡವಾದ ಹೆಸರು.

ಸೇವೆಯ ಮಿತಿಯನ್ನೂ ಅಷ್ಟೇ ಸ್ಪಷ್ಟವಾಗಿ ಹೇಳಬೇಕು. ಇಲ್ಲಿರುವುದು ಬಹುಮಟ್ಟಿಗೆ ಹಕ್ಕುಸ್ವಾಮ್ಯ ಮುಗಿದಿರುವ ಪತ್ರಿಕೆಗಳು. ಅಮೆರಿಕದಲ್ಲಿ 1964ಕ್ಕೂ ಮೊದಲು ಪ್ರಕಟವಾದವುಗಳ ಹಕ್ಕನ್ನು ನಿಗದಿತ ಅವಧಿಯಲ್ಲಿ ನವೀಕರಿಸದಿದ್ದರೆ ಅವು ಸಾರ್ವಜನಿಕರ ಸ್ವತ್ತಾಗುತ್ತಿದ್ದವು. ಸಿನಿಮಾ ಉದ್ಯಮದ ಹಲವು ಪತ್ರಿಕೆಗಳು ಈ ದಾರಿಯಿಂದಲೇ ಓದುಗರ ಕೈಗೆ ಬಂದಿವೆ. ಆದರೆ ಹಾಪರ್ ಅವರ ದೈನಂದಿನ ಅಂಕಣ ಬಂದದ್ದು ದಿನಪತ್ರಿಕೆಗಳಲ್ಲಿ. ಆ ಅಂಕಣದ ಪೂರ್ತಿ ಓಟ ಇಲ್ಲಿ ಸಿಗುವುದಿಲ್ಲ. ಉಚ್ಛ್ರಾಯದಲ್ಲಿ ಅದಕ್ಕೆ 3.5 ಕೋಟಿ ಓದುಗರಿದ್ದರು ಎಂದು ಹೇಳಲಾಗುತ್ತದೆ. ಅಷ್ಟು ಜನ ಓದಿದ ಬರಹಕ್ಕಿಂತ, ಯಾರ ಕಣ್ಣಿಗೂ ಬೀಳದ ಅವರ ಸಣ್ಣ ಪಾತ್ರಗಳ ದಾಖಲೆಯೇ ಇಲ್ಲಿ ಹೆಚ್ಚು ದಟ್ಟವಾಗಿದೆ. ಅವರ ಅಧಿಕಾರದ ವರ್ಷಗಳನ್ನು ಇಲ್ಲಿ ಬೇರೆಯವರ ಬಾಯಿಂದ ಕೇಳಬೇಕಾಗುತ್ತದೆ. ಸಿನಿಮಾ ಉದ್ಯಮದ ಪತ್ರಿಕೆಗಳು ಅವರ ರೇಡಿಯೊ ಕಾರ್ಯಕ್ರಮದ ಬಗ್ಗೆ, ಪ್ರತಿಸ್ಪರ್ಧಿ ಲೂಯೆಲ್ಲಾ ಪಾರ್ಸನ್ಸ್ ಅವರೊಂದಿಗಿನ ಜಗಳದ ಬಗ್ಗೆ ಏನು ಬರೆದವು ಎಂಬುದು ತಿಳಿಯುತ್ತದೆ. ಪೂರ್ತಿ ಅಧ್ಯಯನ ಮಾಡಬಯಸುವವರಿಗೆ ಬೆವರ್ಲಿ ಹಿಲ್ಸ್‌ನ ಮಾರ್ಗರೆಟ್ ಹೆರಿಕ್ ಗ್ರಂಥಾಲಯದಲ್ಲಿ ಅವರ ಕಾಗದಪತ್ರಗಳಿವೆ. ಬೆಳಗಾವಿಯ ವಿದ್ಯಾರ್ಥಿಗೆ ಅದು ಸದ್ಯಕ್ಕೆ ಹೆಸರು ಮಾತ್ರ.

ಈ ಕೊರತೆಯನ್ನು ತುಂಬಿಕೊಳ್ಳದೆ ಪಾಠ ಮುಗಿಸುವುದು ತಪ್ಪಾಗುತ್ತದೆ, ಏಕೆಂದರೆ ಹಾಪರ್ ಅವರ ಬರವಣಿಗೆಯಿಂದ ಜನರ ಬದುಕು ಕೆಟ್ಟಿದೆ. 1947ರ ನಂತರ ಕಮ್ಯುನಿಸ್ಟರೆಂಬ ಶಂಕೆಯ ಮೇಲೆ ಕಲಾವಿದರನ್ನು, ಬರಹಗಾರರನ್ನು ಕೆಲಸದಿಂದ ಹೊರಗಿಟ್ಟ ಕಪ್ಪುಪಟ್ಟಿಯನ್ನು ಅವರು ಬಲವಾಗಿ ಬೆಂಬಲಿಸಿದರು. ಚಾರ್ಲಿ ಚಾಪ್ಲಿನ್ ವಿರುದ್ಧ ವರ್ಷಗಟ್ಟಲೆ ಬರೆದರು. 1952ರಲ್ಲಿ ಚಾಪ್ಲಿನ್ ಲಂಡನ್ನಿಗೆ ಹೊರಟಾಗ ಅಮೆರಿಕ ಸರ್ಕಾರ ಅವರ ಮರುಪ್ರವೇಶದ ಪರವಾನಗಿಯನ್ನು ರದ್ದು ಮಾಡಿತು. ಅವರು ಮತ್ತೆ ಆ ನೆಲಕ್ಕೆ ಕಾಲಿಟ್ಟದ್ದು 1972ರಲ್ಲಿ. ತಮ್ಮ ಬೆವರ್ಲಿ ಹಿಲ್ಸ್‌ನ ಮನೆಯನ್ನು ಭಯ ಕಟ್ಟಿಸಿದ ಮನೆ ಎಂದು ಹಾಪರ್ ಅವರೇ ಕರೆದುಕೊಳ್ಳುತ್ತಿದ್ದರು. ಬಗೆಬಗೆಯ ಟೋಪಿಗಳನ್ನು ಧರಿಸಿ ನಗುತ್ತಿರುವ ಅವರ ಭಾವಚಿತ್ರಗಳು ಲ್ಯಾಂಟರ್ನಿನಲ್ಲಿ ಸುಲಭವಾಗಿ ಸಿಗುತ್ತವೆ. ಅವುಗಳನ್ನು ನೋಡಿ ಮಾತ್ರ ಹೋದವರು ಆ ಮನೆಯ ಬುನಾದಿಯನ್ನು ನೋಡಿದಂತಾಗುವುದಿಲ್ಲ. ಆದ್ದರಿಂದ ಈ ಭಾಗಕ್ಕೆ ನಾನು ಬೇರೆ ಪುಸ್ತಕಗಳ ನೆರವು ಪಡೆಯುತ್ತೇನೆ, ಬಳಸುವ ಇತರ ಅಧ್ಯಾಪಕರೂ ಹಾಗೆಯೇ ಮಾಡಬೇಕು.

ಹುಡುಕಾಟದ ಕ್ರಮದ ಬಗ್ಗೆ ಎರಡು ಮಾತು. ಪುಟಗಳ ಚಿತ್ರದಿಂದ ಅಕ್ಷರಗಳನ್ನು ಯಂತ್ರವೇ ಓದಿ ಸೂಚಿ ತಯಾರಿಸುವುದರಿಂದ, ಮಸುಕಾದ ಮುದ್ರಣ, ಸಾಲಿನ ಕೊನೆಯಲ್ಲಿ ಮುರಿದ ಪದ, ಅಲಂಕಾರದ ಅಕ್ಷರ ಇರುವ ಕಡೆ ಹೆಸರು ತಪ್ಪಿಹೋಗುವುದು ಈ ತಂತ್ರಜ್ಞಾನದ ಸಹಜ ಸ್ವಭಾವ. ಹೆಸರಿಗೆ ಬದಲು ಚಿತ್ರದ ಹೆಸರನ್ನೋ ಜೊತೆಯ ನಟರ ಹೆಸರನ್ನೋ ಹಾಕಿದರೆ ಅಂಥ ಪುಟಗಳು ಹಿಂದಿನ ಬಾಗಿಲಿನಿಂದ ಸಿಗುತ್ತವೆ. ಊರುಗಳ ಹೆಸರನ್ನು ಆ ಕಾಲದ ಕಾಗುಣಿತದಲ್ಲಿಯೇ ಹಾಕಬೇಕು. ನಮ್ಮ ಊರು ಅಧಿಕೃತವಾಗಿ ಬೆಳಗಾವಿಯಾದದ್ದು 2014ರ ನವೆಂಬರ್ 1ರಂದು. ಅಲ್ಲಿರುವ ಪತ್ರಿಕೆಗಳ ಪಾಲಿಗೆ ಇದು ಬೆಲ್ಗಾಂ, ವಿಜಯಪುರ ಬಿಜಾಪುರ.

ಊರಿನ ಹೆಸರು ಹಾಕುವ ಪ್ರಸಂಗ ಬರುವುದು ಏಕೆಂದರೆ ಈ ಸಂಗ್ರಹದಲ್ಲಿ ಫಿಲ್ಮ್‌ಇಂಡಿಯಾ ಪತ್ರಿಕೆಯ ಸಂಪುಟಗಳೂ ಇವೆ. ಅದನ್ನು ಕಂಡ ದಿನ ನನಗಾದ ಸಂತೋಷವನ್ನು ಮುಚ್ಚಿಡಲಾರೆ. ಬಾಬುರಾವ್ ಪಟೇಲ್ 1935ರಲ್ಲಿ ಮುಂಬಯಿಯಲ್ಲಿ ಆರಂಭಿಸಿದ ಈ ಇಂಗ್ಲಿಷ್ ಮಾಸಪತ್ರಿಕೆ, ಬೆಳಗಾವಿ ಮುಂಬಯಿ ಪ್ರಾಂತಕ್ಕೆ ಸೇರಿದ್ದ ಕಾಲದ್ದು. ಕನ್ನಡದ ಮೊದಲ ವಾಕ್ಚಿತ್ರ 1934ರಲ್ಲಿ ತಯಾರಾದದ್ದು ಇಲ್ಲಿಂದ ನೂರು ಚಿಲ್ಲರೆ ಕಿಲೋಮೀಟರ್ ದೂರದ ಕೊಲ್ಲಾಪುರದಲ್ಲಿ ಎಂಬುದನ್ನು ನೆನೆದರೆ, ಆ ಪತ್ರಿಕೆಯ ಲೋಕ ನಮ್ಮ ಭಾಗಕ್ಕೆ ಹಾಲಿವುಡ್ಡಿನಷ್ಟು ದೂರದ್ದಲ್ಲ. ಪಟೇಲರು ಓದುಗರ ಪ್ರಶ್ನೆಗಳಿಗೆ ಕೊಡುತ್ತಿದ್ದ ಖಾರದ ಉತ್ತರಗಳು ಪತ್ರಿಕೆಯ ಹೆಸರನ್ನು ಹಬ್ಬಿಸಿದವು. ಅವರ ಪತ್ನಿ ಸುಶೀಲಾರಾಣಿ ಪತ್ರಿಕೆಯ ಬರವಣಿಗೆಯಲ್ಲಿ ಗಂಡನ ಜೊತೆ ದುಡಿದವರು, ಮೊಗುಬಾಯಿ ಕುರ್ಡಿಕರ್ ಅವರಲ್ಲಿ ಕಲಿತ ಗಾಯಕಿ, ಪಟೇಲರು ನಿರ್ದೇಶಿಸಿದ 1944ರ ಮತ್ತು 1946ರ ಎರಡು ಚಿತ್ರಗಳ ನಾಯಕಿ. ಹಾಪರ್ ಅವರಿಗೆ ಸಿಗದ ನಾಯಕಿಯ ಪಟ್ಟ ಇವರಿಗೆ ಮನೆಯೊಳಗಿಂದಲೇ ಸಿಕ್ಕಿತು. ಒಂದು ಪತ್ರಿಕೆ ತನ್ನದೇ ಒಡೆಯರ ಚಿತ್ರದ ಬಗ್ಗೆ ಏನು ಬರೆಯಬೇಕು ಎಂಬ ಪ್ರಶ್ನೆ ಇಲ್ಲಿ ತಾನಾಗಿಯೇ ಏಳುತ್ತದೆ. ವಿದ್ಯಾರ್ಥಿಗಳು ಅತಿ ಹೆಚ್ಚು ವಾದ ಮಾಡಿದ್ದು ಇದರ ಮೇಲೆಯೇ. ಒಬ್ಬ ಹುಡುಗ ಲಂಕೇಶರ ಹೆಸರೆತ್ತಿದ. 1970ರ ‘ಸಂಸ್ಕಾರ’ದಲ್ಲಿ ನಾರಣಪ್ಪನಾಗಿ ನಟಿಸಿದ ಲಂಕೇಶರು ಹತ್ತು ವರ್ಷದ ನಂತರ ಪತ್ರಿಕೆ ತೆಗೆದರು, ಅವರದು ಮನರಂಜನೆಯ ಅಂಕಣವಲ್ಲ, ಆದರೂ ಕ್ಯಾಮೆರಾದ ಮುಂದೆ ನಿಂತವನ ಪೆನ್ನು ಬೇರೆ ಥರ ಓಡುತ್ತದೆಯೇ ಎಂಬ ಅವನ ಪ್ರಶ್ನೆ ಒಳ್ಳೆಯದೇ ಆಗಿತ್ತು. ಅದಕ್ಕೆ ಉತ್ತರ ಹುಡುಕಲು ಕನ್ನಡದ ಹಳೆಯ ಸಿನಿಮಾ ಪತ್ರಿಕೆಗಳನ್ನು ಹೀಗೆ ಪದ ಹಾಕಿ ತೆಗೆಯುವ ಅನುಕೂಲವನ್ನು ನಾನು ಎಲ್ಲಿಯೂ ಕಂಡಿಲ್ಲ. ಈ ನೋವು ಲ್ಯಾಂಟರ್ನ್ ಬಳಸಿದಷ್ಟೂ ಹೆಚ್ಚುತ್ತದೆ.

ಬಳಕೆಯ ಪ್ರಾಯೋಗಿಕ ತೊಡಕುಗಳಲ್ಲಿ ದೊಡ್ಡದು ಕಡತದ ಗಾತ್ರ. ವರ್ಷದ ಅಥವಾ ಅರ್ಧ ವರ್ಷದ ಸಂಚಿಕೆಗಳನ್ನು ಒಟ್ಟಿಗೆ ಕಟ್ಟಿದ ಸಂಪುಟವನ್ನು ಪಿ.ಡಿ.ಎಫ್. ಆಗಿ ಇಳಿಸಿಕೊಳ್ಳಲು ಹೊರಟರೆ ನೂರಾರು ಎಂ.ಬಿ. ಬೇಕಾಗುತ್ತದೆ. ಮಳೆಗಾಲದಲ್ಲಿ ಕರೆಂಟು ಹೋಗಿ ಬರುವ ನಮ್ಮ ಕಡೆ ಅದು ಆಗದ ಮಾತು. ಬೇಕಾದ ಪುಟದ ಚಿತ್ರವನ್ನಷ್ಟೇ ಉಳಿಸಿಕೊಳ್ಳುವುದು ಜಾಣತನ. ಕಾಲೇಜು ರಸ್ತೆಯ ಝೆರಾಕ್ಸ್ ಅಂಗಡಿಗೆ ಮೊದಲ ಸಲ ಪೆನ್‌ಡ್ರೈವ್ ಕೊಟ್ಟಾಗ ಅಂಗಡಿಯವರು ಪರದೆ ನೋಡಿ, “ಮೇಡಮ್ಮಾರ, ಇದು ಹಿಂಗ ಹೊಡದ್ರ ಪೂರಾ ಕರ್ರಗ ಬರ್ತೈತ್ರಿ, ಹಿಂದಿನ ಬಣ್ಣಾ ತಗದು ಕೊಡ್ತೀನಿ ತಡೀರಿ” ಎಂದರು. ನೂರು ವರ್ಷದ ಕಾಗದ ಕಂದಾಗಿರುತ್ತದೆ, ಕಪ್ಪುಬಿಳುಪು ಮುದ್ರಣದಲ್ಲಿ ಆ ಕಂದು ಮಸಿಯಾಗುತ್ತದೆ. ಅವರು ಹಿನ್ನೆಲೆಯನ್ನು ತಿಳಿಮಾಡಿ, ತಾರಾಗಣದ ಸಣ್ಣ ಅಕ್ಷರ ಓದಲು ಬರುವಂತೆ ದೊಡ್ಡ ಹಾಳೆಯಲ್ಲಿ ತೆಗೆದುಕೊಟ್ಟರು. ಅಂದಿನಿಂದ ಹಾಗೆಯೇ ತೆಗೆಸುತ್ತಿದ್ದೇನೆ. ಸೇವೆಯ ಎಲ್ಲ ಸೂಚನೆಗಳೂ ಇಂಗ್ಲಿಷಿನಲ್ಲಿಯೇ ಇರುವುದರಿಂದ ಕನ್ನಡ ಮಾಧ್ಯಮದಿಂದ ಬಂದವರಿಗೆ ಮೊದಲ ಅರ್ಧ ಗಂಟೆ ಪಕ್ಕದಲ್ಲಿ ಕುಳಿತು ತೋರಿಸಬೇಕು. ಆಮೇಲೆ ಅವರು ನಮ್ಮನ್ನು ಕೇಳುವುದಿಲ್ಲ.

ಉಲ್ಲೇಖಿಸುವಾಗ ಒಂದು ಎಚ್ಚರಿಕೆ ಬೇಕು. ಪರದೆಯ ಕೆಳಗೆ ತೋರಿಸುವ ಪುಟಸಂಖ್ಯೆ ಇಡೀ ಸಂಪುಟದ ಚಿತ್ರಗಳ ಎಣಿಕೆ, ಪತ್ರಿಕೆಯ ಮೇಲೆ ಅಚ್ಚಾದ ಸಂಖ್ಯೆ ಬೇರೆ. ಪತ್ರಿಕೆಯ ಹೆಸರು, ತಿಂಗಳು, ವರ್ಷ ಮತ್ತು ಅಚ್ಚಾದ ಪುಟಸಂಖ್ಯೆ ಈ ನಾಲ್ಕನ್ನೂ ಹಾಳೆಯ ಹಿಂದೆ ಪೆನ್ಸಿಲಿನಲ್ಲಿ ಬರೆದುಕೊಂಡ ಮೇಲೆಯೇ ಮುಂದಿನ ಪುಟಕ್ಕೆ ಹೋಗಿ ಎಂದು ನಾನು ವಿದ್ಯಾರ್ಥಿಗಳಿಗೆ ಹೇಳಿದ್ದೇನೆ. ಗೋಕಾಕದ ಆ ಹುಡುಗಿ ಈಗ ತನ್ನ ಕಿರುಪ್ರಬಂಧಕ್ಕಾಗಿ 1923ರಿಂದ 1937ರವರೆಗಿನ ತಾರಾಗಣದ ಪಟ್ಟಿಗಳಲ್ಲಿ ಹಾಪರ್ ಅವರ ಹೆಸರು ಎಷ್ಟನೆಯದಾಗಿ ಬರುತ್ತದೆ ಎಂದು ಎಣಿಸುತ್ತಿದ್ದಾಳೆ. ಕಳೆದ ವಾರದವರೆಗೆ ಆಕೆ 1929ಕ್ಕೆ ಬಂದಿದ್ದಳು.